ಬಾಲ್ದಿರಿಯ ಮುಗಿಯದ ಚಿತ್ರ

"ಮೆಲ್ಲಗೆ ಕ್ಲಿಮೆಂಟ್ ಮಾಮ, ಎಳೀಬೇಡಿ!" ಎಂದು ಮಿರೆಯಾ ಮುದುಕನ ಕೈ ಹಿಡಿದುಕೊಂಡಳು. ಸಿನಿಮಾ ಸಂಘದ ಕ್ಲಿಮೆಂಟ್ ಹಳೆಯ ಪ್ರೊಜೆಕ್ಟರಿನ ಹಲ್ಲುಗಳಿಗೆ ಫಿಲ್ಮಿನ ತೂತುಗಳನ್ನು ಸಿಕ್ಕಿಸುತ್ತಿದ್ದ. ಗಾಜಿನಾಚೆ, ಶವ ಇಡುವ ತಣ್ಣನೆಯ ಕೋಣೆಯಲ್ಲಿ ಅವಳ ಅಪ್ಪ ಬಾಲ್ದಿರಿ, ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು ಮಲಗಿದ್ದ. ಮಧ್ಯಾಹ್ನದ ಮೇಲೆ ಮಣ್ಣು.

"ಅಮ್ಮಾ, ಇರೋದು ಇದೊಂದೇ ಸುರುಳಿ. ಅಪ್ಪ ಕೈಯಲ್ಲಿ ಬಳಿದ ಬಣ್ಣ, ಓಡಿಸಿದ್ರೆ ಉದುರಿಹೋಗುತ್ತೆ. ಬಾರ್ಸಿಲೋನಾದ ಫಿಲ್ಮ್ ಭಂಡಾರದವರು ನಕಲು ತೆಗೆದುಕೊಡ್ತಾರಂತೆ. ಒಂದು ತಿಂಗಳು ತಡ್ಕೊ" ಎಂದಳು ಮಿರೆಯಾ.

"ತಿಂಗಳಾದ್ಮೇಲೆ ನಾನಿರ್ತೀನಿ. ಅವನೆಲ್ಲಿರ್ತಾನೆ?" ಎಂದಳು ಬಾಲ್ದಿರಿಯ ಹೆಂಡತಿ ರೆಮೇಯ್. "ಅವನ ಜೊತೆ ಕೂತು ನೋಡ್ಬೇಕು ನಾನು."

ಪಕ್ಕದ ಮನೆಯ ಪಕೀತಾ ಬಗ್ಗಿ ಕೇಳಿದಳು: "ಜನ ಇದ್ದಾರಾ ಇದ್ರಲ್ಲಿ?"

"ಜನಾನೂ ಇಲ್ಲ, ಕತೇನೂ ಇಲ್ಲ. ಬರೀ ಬಣ್ಣ" ಎಂದ ಕ್ಲಿಮೆಂಟ್.

"ಸದ್ಯ, ಅಳಿಸೋ ಸೀನಿಲ್ಲ."

*

ಸಾಬಾದೆಲ್‌ನ ಉಣ್ಣೆ ಗಿರಣಿಯಲ್ಲಿ ಬಾಲ್ದಿರಿ ನೂಲಿಗೆ ಬಣ್ಣ ಹಾಕುತ್ತಿದ್ದ. ಉಗುರೆಲ್ಲ ಸದಾ ನೀಲಿ. ಸಂಜೆಯಾದರೆ ಅಡುಗೆಮನೆಯ ಮೇಜಿನ ಮೇಲೆ ಖಾಲಿ ಫಿಲ್ಮು ಹಾಸಿಕೊಂಡು, ಉಗುರಗಲದ ಒಂದೊಂದು ಚೌಕಕ್ಕೂ ಕುಂಚದಲ್ಲಿ ಚುಕ್ಕೆ, ಗೆರೆ ಇಡುತ್ತ ಕೂರುತ್ತಿದ್ದ. ಕ್ಯಾಮೆರಾ ಮುಟ್ಟಿದವನೇ ಅಲ್ಲ.

"ತಟ್ಟೆ ಎಲ್ಲಿಡ್ಲಿ, ನಿನ್ನ ತಲೆ ಮೇಲಾ?" ಎಂದಳು ಒಮ್ಮೆ ರೆಮೇಯ್.

"ಇಗೋ, ಈ ಕೆಂಪು ಚುಕ್ಕೆ ನೀನು."

"ಮೂಗೆಲ್ಲಯ್ಯಾ ನಂದು?"

"ಓಡಿದಾಗ ಕಾಣುತ್ತೆ."

ಊರಿನ ಸಿನಿಮಾ ಸಂಘದಲ್ಲಿ ಮೊದಲ ಚಿತ್ರ ತೋರಿಸಿದ ದಿನ ಹಿಂದಿನ ಸಾಲಿನಿಂದ ಯಾರೋ "ರೀಲು ಹರಿದಿದೆ ಕಣ್ರೋ!" ಎಂದು ಕೂಗಿದರು. ಸಭೆಗೆ ಸಭೆಯೇ ನಕ್ಕಿತು. ಆಮೇಲೆ ಅವನು ಯಾರಿಗೂ ತೋರಿಸಲಿಲ್ಲ, ಬಿಡಿಸುವುದನ್ನೂ ಬಿಡಲಿಲ್ಲ. ರೆಮೇಯ್ ಕೇಳಿದಾಗಲೆಲ್ಲ ಒಂದೇ ಉತ್ತರ: "ಇನ್ನೂ ಮುಗಿದಿಲ್ಲ."

*

ರೆಮೇಯ್ ಪ್ರೊಜೆಕ್ಟರಿನ ಮೂತಿಯನ್ನು ಗೋಡೆಯಿಂದ ಗಾಜಿನತ್ತ ತಿರುಗಿಸಿದಳು.

"ಗಾಜಿನ ಮೇಲೆ ಚಿತ್ರ ನಿಲ್ಲಲ್ಲ ಮಾರಾಯ್ತಿ" ಎಂದ ಕ್ಲಿಮೆಂಟ್.

"ಅಂಗಿ ಮೇಲೆ ನಿಲ್ಲುತ್ತೆ. ಬೆಳಿಗ್ಗೆ ಅದಕ್ಕೆ ಇಸ್ತ್ರಿ ಮಾಡಿದವಳು ನಾನೇ."

ಮಿರೆಯಾ ಅಮ್ಮನ ಮುಖ ನೋಡಿದಳು. ಎದ್ದು ಹೋಗಿ ಕಿಟಕಿಯ ಪರದೆ ಎಳೆದು, ತಾನೇ ದೀಪ ಆರಿಸಿದಳು.

ಯಂತ್ರ ಕಟಕಟನೆ ಓಡಿತು. ಬಾಲ್ದಿರಿಯ ಎದೆಯ ಮೇಲೆ ನೀಲಿ ಗೆರೆಗಳು ಮಳೆಯಾಗಿ ಸುರಿದವು. ನಡುವೆ ಒಂದು ಕೆಂಪು ಚುಕ್ಕೆ ಓಡಾಡಿತು. ಗೆರೆಗಳನ್ನು ಆಚೀಚೆ ತಳ್ಳಿತು, ಹಿಗ್ಗಿತು, ನಿಂತು ಕುಣಿಯಿತು. ರೆಮೇಯ್ ತನಗರಿವಿಲ್ಲದೆ ಮೂಗು ಮುಟ್ಟಿಕೊಂಡಳು. ಯಾರೂ ನಗಲಿಲ್ಲ.

ಇದ್ದಕ್ಕಿದ್ದಂತೆ ಅಂಗಿ ಬರಿಯ ಬಿಳಿಯಾಯಿತು.

"ಅಯ್ಯೋ, ಹರೀತಾ?" ಎಂದಳು ಪಕೀತಾ.

"ಇಲ್ಲ, ಮುಗೀತು" ಎಂದಳು ರೆಮೇಯ್.

ಪ್ರೊಜೆಕ್ಟರಿನ ಕೆಳಗೆ, ಮೇಜಿನ ಮೇಲೆ, ಕೆಂಪು ನೀಲಿ ಪುಡಿ ಉದುರಿ ಬಿದ್ದಿತ್ತು. ಚೆಲ್ಲಿದ ಸಕ್ಕರೆ ಎತ್ತುವವಳಂತೆ ಅವಳು ಬೆರಳನ್ನು ನಾಲಿಗೆಗೆ ತಾಕಿಸಿ, ಅದರ ಮೇಲೆ ಒತ್ತಿದಳು. ಉಗುರಿನ ಸಂದೆಲ್ಲ ನೀಲಿಯಾಯಿತು.