ಯೋಚ್ನೆ ಮಾಡ್ತೀನಿ

ಆ ಒಂದು ದಿನಕ್ಕಾಗಿ ಚಿಜು ತಿಂಗಳಿಡೀ ತಲೆ ಕೆಡಿಸಿಕೊಂಡಿದ್ದಳು. ಮದುವೆಯಾಗಿ ಟೋಕಿಯೋ ಸೇರಿದ್ದ ಅಕ್ಕ ಇತೊ ಬೆಳಿಗ್ಗೆ ಬಂದು ಸಂಜೆಗೇ ಹೊರಟುಬಿಡುವವಳು. ಅಷ್ಟರೊಳಗೆ ಹುಟ್ಟಿದೂರು ಕ್ಯೋಟೋ ಅವಳನ್ನು ಮರಳಿ ಗೆಲ್ಲಬೇಕು. ಭಾವ ತೀರಿಕೊಂಡು ವರ್ಷವಾಗಿತ್ತು, ಚಿಜುವಿನ ಗಂಡ ಹೋಗಿ ಯಾವ ಕಾಲವಾಯಿತೋ. ಇಬ್ಬರು ಮುದುಕಿಯರು ಎರಡು ಊರಲ್ಲಿ ಎರಡು ಒಲೆ ಹಚ್ಚುವುದು ಯಾವ ಸೀಮೆ ನ್ಯಾಯ? ತನ್ನ ಮನೆಯ ಮಹಡಿ ಖಾಲಿ ಬಿದ್ದಿದೆ, ಅಕ್ಕ ಬಂದು ಇರಲಿ. ಆದರೆ ಇಂಥ ಮಾತನ್ನು ಹೊಟ್ಟೆ ತುಂಬಿದ ಮೇಲೆ ಕೇಳಬೇಕು.

ಹಾಗಾಗಿ ಬೆಳಿಗ್ಗೆ ದೆಮಾಚಿಯ ಅಂಗಡಿ ಮುಂದೆ ಸಾಲು ನಿಂತು ಕಾಳು ಹಾಕಿದ ಬಿಸಿ ಅಕ್ಕಿ ಕಡುಬು, ಮೋಚಿ, ಕೊಂಡರು. ಕಾಮೊ ಹೊಳೆಯ ದಂಡೆಯಲ್ಲಿ ಕೂತು ಇತೊ ಒಂದು ತುತ್ತು ಕಚ್ಚಿದ್ದಳೋ ಇಲ್ಲವೋ, ಹಿಂದಿನಿಂದ ಹದ್ದೊಂದು ಎರಗಿ ಉಳಿದದ್ದನ್ನು ಹಾರಿಸಿಕೊಂಡು ಹೋಯಿತು.

"ಹಾಳಾದ್ದೇ! ಸ್ಕೂಲಿಗೆ ಹೋಗೋವಾಗ್ಲೂ ನಂದೇ ಕಿತ್ಕೋತಿದ್ದೆ!"

"ಇದು ಅದರ ಮೊಮ್ಮಗ ಇರ್ಬೇಕು ಕಣಕ್ಕ. ಅಜ್ಜ ನಿನ್ ಗುರುತು ಹೇಳಿ ಸತ್ತಿರ್ತಾನೆ."

ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ಆಮೇಲೆ ನಿಶಿಜಿನ್ ಕೇರಿಯಲ್ಲಿ ನಡೆದರು. ಒಂದು ಕಾಲಕ್ಕೆ ಮನೆಮನೆಯಲ್ಲೂ ಮಗ್ಗ ಬಡಿಯುತ್ತಿದ್ದ ಕೇರಿ ಅದು. ಚಿಕ್ಕಂದಿನಲ್ಲಿ ಆ ಸದ್ದು ನಿಂತರೆ ಮಾತ್ರ ಅಕ್ಕತಂಗಿಯರಿಗೆ ಎಚ್ಚರವಾಗುತ್ತಿತ್ತು. ಈಗ ಎಲ್ಲೋ ಒಂದು ಮಗ್ಗ ಸದ್ದು ಮಾಡುತ್ತಿತ್ತು. ಇತೊ ಆ ಮನೆಯ ಗೋಡೆಗೆ ಒರಗಿ ಬಹಳ ಹೊತ್ತು ನಿಂತಳು. ಗೆದ್ದೆ ಅಂದುಕೊಂಡಳು ಚಿಜು.

ಮಧ್ಯಾಹ್ನ, ಅಪ್ಪ ಕರೆದೊಯ್ಯುತ್ತಿದ್ದ, ಸಾರಿನಲ್ಲಿ ದಪ್ಪ ಶ್ಯಾವಿಗೆ ಹಾಕಿ ಕೊಡುವ ಉದೊನ್ ಅಂಗಡಿ. "ನಂಗೊಂದು ತಾನುಕಿ," ಎಂದಳು ಇತೊ ಗತ್ತಿನಿಂದ. ಬಂದ ಬಟ್ಟಲು ನೋಡಿ ಹುಬ್ಬು ಗಂಟಿಕ್ಕಿದಳು.

"ಇದೇನೇ ಇದು? ತಾನುಕಿ ಅಂದ್ರೆ ಮೇಲೆ ಗರಿಗರಿ ಹಿಟ್ಟಿನ ಕಾಳು ಇರಲ್ವಾ?"

ಗೆದ್ದದ್ದು ಕೈಜಾರಿತು ಎನ್ನಿಸಿತು ಚಿಜುವಿಗೆ. ಅದು ಟೋಕಿಯೋದ ತಾನುಕಿ. ಇಲ್ಲಿ ತಾನುಕಿ ಎಂದರೆ ಕರಿದ ತೋಫು, ಗಟ್ಟಿ ಸಾರು, ಮೇಲೆ ಒಂದು ಗುಡ್ಡೆ ಶುಂಠಿ.

"ನೆಗಡಿ ಬಂದ್ರೆ ಅಪ್ಪ ತಿನ್ನಿಸ್ತಿದ್ದದ್ದೇ ಇದು. ಮರೆತೇಬಿಟ್ಯಾ?"

ಇತೊ ಒಂದು ಗುಟುಕು ಹೀರಿದಳು. ಶುಂಠಿಯ ಖಾರ ಮೂಗಿಗೇರಿ ಕಣ್ಣಲ್ಲಿ ನೀರು ಬಂತು. "ಅಪ್ಪ ಊದಿ ಊದಿ ಕೊಡ್ತಿದ್ರು," ಎಂದಳು ಮೆಲ್ಲಗೆ.

ಇದಕ್ಕಿಂತ ಒಳ್ಳೆ ಗಳಿಗೆ ಸಿಗದು ಎಂದು ಚಿಜು ಕೇಳಿಯೇಬಿಟ್ಟಳು. "ಅಕ್ಕ, ನನ್ ಜೊತೇಲೇ ಬಂದು ಇದ್ಬಿಡೇ. ಮಹಡಿ ಖಾಲಿ ಇದೆ."

ಇತೊ ಬಟ್ಟಲು ಕೆಳಗಿಟ್ಟಳು. "ಯೋಚ್ನೆ ಮಾಡ್ತೀನಿ."

ಚಿಜುವಿಗೆ ಅನ್ನ ನೀರು ಬೇಡವಾಯಿತು. ಕ್ಯೋಟೋದವರ ನಾಲಿಗೆಗೆ 'ಇಲ್ಲ' ಎಂಬ ಮಾತು ಒಗ್ಗದು. ಒಲ್ಲದ ಸಂಬಂಧ ಬಂದರೂ, ಬಾಗಿಲಿಗೆ ಬಂದವನ ಸರಕು ಬೇಡವಾದರೂ ನಗುತ್ತಾ ಹೇಳುವುದು ಇದೊಂದೇ: ಯೋಚನೆ ಮಾಡ್ತೀನಿ. ಅಲ್ಲಿಗೆ ಮಾತು ಮುಗಿಯಿತು. ಎರಡನೇ ಸಲ ಕೇಳಿದವನನ್ನು ಊರು ಕತ್ತೆ ಎನ್ನುತ್ತದೆ. ಚಿಜು ಕತ್ತೆಯಾಗಲಿಲ್ಲ.

ಮಿಬು ಗುಡಿಯ ಮೂಕಾಟಕ್ಕೆ ಹೋದದ್ದು ಮುಂಗಡವಾಗಿ ಜಾಗ ಹಿಡಿದಾಗಿತ್ತು ಎಂಬ ಕಾರಣಕ್ಕಷ್ಟೇ. ಮುಖವಾಡದವರು ಮಾತಿಲ್ಲದೆ ಜಗಳವಾಡಿದರು. ಕೊನೆಗೆ ರಂಗದ ಅಂಚಿನಲ್ಲಿ ಪೇರಿಸಿದ್ದ ಮಣ್ಣಿನ ತಟ್ಟೆಗಳನ್ನು ಕೆಳಗೆ ನೂಕಿದಾಗ ಧೂಳೆದ್ದಿತು, ಜನ ಹೋ ಎಂದರು. ಚಿಜು ಅಳುತ್ತಿದ್ದಳು.

ಇತೊ ಮೊಣಕೈಯಿಂದ ತಿವಿದಳು. "ಏಯ್, ಆ ಮಹಡಿಗೆ ಬೆಳಗಿನ ಬಿಸಿಲು ಬರುತ್ತಾ?"

"ಒಲ್ಲೆ ಅಂದ್ಮೇಲೆ ಬಿಸಿಲಿನ ಮಾತು ಯಾಕೆ ನಿಂಗೆ?"

"ಒಲ್ಲೆ ಅಂತ ಯಾವಾಗ ಅಂದೆ?"

"ಯೋಚ್ನೆ ಮಾಡ್ತೀನಿ ಅಂದ್ಯಲ್ಲ!"

"ಹೂಂ. ಅದನ್ನೇ ಮಾಡ್ತಾ ಇದೀನಿ. ಆಟ ಏನಾಯ್ತೋ ಒಂದೂ ನೋಡಿಲ್ಲ. ನೀನು ಯಾಕೇ ಅಳ್ತೀಯ?"

ಚಿಜು ಅಕ್ಕನ ಮುಖವನ್ನೇ ನೋಡಿದಳು. ಅಲ್ಲಿ ಕ್ಯೋಟೋದ ನಯವೂ ಇರಲಿಲ್ಲ, ನಾಜೂಕೂ ಇರಲಿಲ್ಲ. ತಾನುಕಿಯಂತೆ ಈ ಮಾತಿಗೂ ಅಕ್ಕನ ಬಾಯಲ್ಲಿ ಟೋಕಿಯೋದ ಅರ್ಥವೇ ಉಳಿದಿತ್ತು. ಅಕ್ಕನನ್ನು ಕಿತ್ತುಕೊಂಡ ಊರೆಂದು ಟೋಕಿಯೋಗೆ ಇಷ್ಟು ವರ್ಷ ಹಿಡಿಶಾಪ ಹಾಕಿದ್ದಳು. ಈಗ ಅದೇ ಊರಿಗೆ ಕೈಮುಗಿಯಬೇಕು ಅನ್ನಿಸಿತು.

"ಬರುತ್ತೆ," ಎಂದಳು ಮೂಗೊರೆಸಿಕೊಂಡು. "ಊಟದ ಹೊತ್ತಿನವರೆಗೂ ಬರುತ್ತೆ."

"ಹಾಗಾದ್ರೆ ಯೋಚ್ನೆ ಮುಗೀತು ಕಣೇ," ಎಂದಳು ಇತೊ.