ಮೂವತ್ತೊಂದು ಡಿಗ್ರಿ

“ಏಳೋ ಬೋಳಿಮಗನೆ! ಮೂವತ್ತೊಂದು ಡಿಗ್ರಿಗೇ ಮಲಿಕ್ಕಂಡ್ಯಾ?”

ಮೇಸ್ತ್ರಿ ಅವೆಲಿನೊ ಬೂಟಿನ ತುದಿಯಿಂದ ರೆಮಿಹಿಯೊನ ಪಕ್ಕೆ ತಿವಿದ. ಸುಟ್ಟ ಕಬ್ಬಿನ ಮಸಿಯಲ್ಲಿ ಮುಖ ಹೂತು ಬಿದ್ದಿದ್ದ ರೆಮಿಹಿಯೊ ಏಳಲಿಲ್ಲ. ಬೆಳಗಿನಿಂದ ನನ್ನ ಪಕ್ಕದ ಸಾಲು ಕಡಿಯುತ್ತಿದ್ದವನು. ಹತ್ತು ಗಂಟೆಗೆ ಉಚ್ಚೆ ಹೊಯ್ದು ಬಂದು, “ಕಾಫಿ ಬಣ್ಣ ಕಣೋ” ಎಂದು ನಕ್ಕಿದ್ದ. ಈಗ ಅವನ ಮೈಯಲ್ಲಿ ಬೆವರೂ ಇರಲಿಲ್ಲ.

ನಿಕರಾಗುವಾದ ಈ ಕಬ್ಬಿನ ಸೀಮೆಯಲ್ಲಿ ಬಿಸಿಲು ಎಷ್ಟೆಂದು ಹೇಳುವುದು ಗದ್ದೆಯಂಚಿನ ಆಫೀಸಿನ ಬೋರ್ಡು. ಮೂವತ್ತೆಂಟು ದಾಟಿದರೆ ಕೆಲಸ ನಿಲ್ಲಿಸಬೇಕು. ಮೂರು ವರ್ಷದಲ್ಲಿ ಅದು ಒಮ್ಮೆಯೂ ಮೂವತ್ತೆರಡು ದಾಟಿರಲಿಲ್ಲ. ಅದಕ್ಕೆ ಅಂಕಿ ಕೊಡುವ ಥರ್ಮಾಮೀಟರು ನೇತಾಡುತ್ತಿದ್ದುದು ನೀರಿನ ತೊಟ್ಟಿಯ ಪಕ್ಕ, ಮಾವಿನ ಮರದ ನೆರಳಲ್ಲಿ. ಅದೇ ಮೂರು ವರ್ಷದಲ್ಲಿ ನಮ್ಮ ಓಣಿಯ ಹನ್ನೊಂದು ಗಂಡಸರು ಕಿಡ್ನಿ ಕೆಟ್ಟು ಮಣ್ಣಾಗಿದ್ದರು.

ಕಂಪನಿ ಡಾಕ್ಟರು ಬಂದ. ಮೊದಲು ಬೋರ್ಡು ನೋಡಿದ, ಆಮೇಲೆ ರೆಮಿಹಿಯೊನನ್ನು.

“ಕುಡಿದವ್ನೆ.”

ನಮ್ಮ ಹಿಂದೆ ಕಬ್ಬು ಹೊರೆಕಟ್ಟುತ್ತಿದ್ದ ರೆಮಿಹಿಯೊನ ಹೆಂಡತಿ ತೊಮಾಸಾ ಓಡಿಬಂದಳು. “ಪ್ರಾರ್ಥನೆ ಸಭೆಗೆ ಹೋಗೋನು ಸ್ವಾಮಿ. ಹನ್ನೆರಡು ವರ್ಷದಿಂದ ಒಂದು ಗುಟುಕು ಮುಟ್ಟಿಲ್ಲ.”

“ಹಂಗಾದ್ರೆ ಹುಟ್ಟಿನಿಂದ್ಲೇ ಬಂದ ರೋಗ. ಬಿಸಿಲು ಅಂತ ಬರಿಯಕ್ಕಾಗಲ್ಲಮ್ಮ, ಬೋರ್ಡು ನೋಡು.”

“ಮೈ ಮುಟ್ಟಿ ನೋಡಿ, ಕಾದ ಹೆಂಚಿದ್ದಂಗೈತೆ!”

“ಮುಟ್ಟಿದ್ದು ಬರಿಯಕ್ಕೆ ಈ ಕಾಗದದಲ್ಲಿ ಜಾಗ ಇಲ್ಲ.”

ತೊಮಾಸಾ ನೆಟ್ಟಗೆ ಮಾವಿನ ಮರದ ಬುಡಕ್ಕೆ ಹೋಗಿ ಥರ್ಮಾಮೀಟರನ್ನು ಕಿತ್ತುಕೊಂಡು ಬಂದಳು.

“ಏ ಸೂಳೆ! ಅದು ಕಂಪನಿ ಸ್ವತ್ತು!” ಅವೆಲಿನೊ ಅರಚಿದ.

ಗಂಡನ ತಲೆಯ ಪಕ್ಕದ ಕೂಳೆಗೆ ಅದನ್ನು ಒರಗಿಸಿ, ತನ್ನ ಟೋಪಿಯನ್ನೇ ಅದಕ್ಕೆ ನೆರಳಾಗಿ ಹಿಡಿದಳು. ನಲವತ್ತು ಜನ ಸುತ್ತುಗಟ್ಟಿದೆವು. ಮಚ್ಚು ನೆಲಕ್ಕಿಟ್ಟು ಬಗ್ಗಿದೆವು. ಮೂವತ್ತನಾಲ್ಕು. ಮೂವತ್ತೇಳು. “ಏರು, ಏರು ನನ್ನವ್ವ” ಎಂದು ಯಾರೋ ಹುರಿದುಂಬಿಸಿದರು. ಮೂವತ್ತೊಂಬತ್ತಕ್ಕೆ ನಾನೂ ಕೂಗಿಬಿಟ್ಟೆ. ನಲವತ್ತೆರಡಕ್ಕೆ ನಿಂತಿತು.

“ಕೆಟ್ಟೋಗೈತೆ ಅದು,” ಎಂದ ಅವೆಲಿನೊ. “ಮೂವತ್ತೊಂದು ಅಂತ್ಲೇ ಬರ್ಕೊಳ್ಳಿ ಡಾಕ್ಟ್ರೇ.”

ಆಗಲೇ ತೊಮಾಸಾ ಗಂಡನ ಎದೆಯ ಮೇಲೆ ಕೈಯಿಟ್ಟದ್ದು. ಇಟ್ಟ ಕೈ ತೆಗೆಯಲಿಲ್ಲ. ಅವನ ಉಸಿರು ಯಾವಾಗ ನಿಂತಿತೋ ನಮ್ಮಲ್ಲಿ ಯಾರೂ ನೋಡಿರಲಿಲ್ಲ. ಎಲ್ಲರ ಕಣ್ಣೂ ಅಂಕಿಯ ಮೇಲಿತ್ತು.

“ನಾಟಕ ಸಾಕು. ಮಚ್ಚು ತಗೊಳ್ರೋ!”

ತೆಗೆದುಕೊಂಡೆವು. ಕಬ್ಬಿನ ಕಡೆಗೆ ಯಾರೂ ತಿರುಗಲಿಲ್ಲ.