ಭಾವನ ಬಾಯಿ, ನನ್ನ ಮಾತು

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂದು ಹಿರಿಯರು ಹೇಳಿದ್ದು ಅರ್ಧ ಗಾದೆ. ಪೂರ್ತಿ ಹೀಗಿದೆ: ಮಾತು ಆಡಿದರೆ ಹೋಯಿತು, ಎಂಟು ಸಲ ಆಡಿದರೆ ಗಂಟಲೇ ಹೋಯಿತು. ಗಾದೆಯ ತಿದ್ದುಪಡಿ ನನ್ನದು, ಆದರೆ ಇನ್ನು ಮುಂದೆ ಹೇಳುವುದೆಲ್ಲ ನಿಜವಾಗಿ ನಡೆದದ್ದು. ನಂಬಿಕೆ ಬರದವರು ನಮ್ಮ ಭಾವನನ್ನು ಕೇಳಬಹುದು. ಅವರು ಹೇಳುವಾಗ ನಾನು ಮನೆಹಾಳನಾಗಿರುತ್ತೇನೆ. ಅದೊಂದನ್ನು ಬಿಟ್ಟು ಮಿಕ್ಕಿದ್ದನ್ನು ನಂಬಿ.

ನಮ್ಮ ಭಾವ, ಅಂದರೆ ಅಕ್ಕನ ಗಂಡ, ಗೈಡು. ಇಪ್ಪತ್ತೆರಡು ವರ್ಷದಿಂದ ಒಂದೇ ದಾರಿ. ಬೆಳಗ್ಗೆ ಹಳೇ ಮಸೀದಿ, ಆಮೇಲೆ ದೊಡ್ಡ ಮಸೀದಿ, ಊಟವಾದ ಮೇಲೆ ಪೇಟೆ. ನಾನು ಇತಿಹಾಸದಲ್ಲಿ ಬಿ.ಎ. ಮಾಡಿ, ಇತಿಹಾಸ ಓದಿದವನಿಗೆ ಭವಿಷ್ಯವಿಲ್ಲ ಎಂದು ತಿಳಿದ ಮೇಲೆ ಅವರ ಜೊತೆ ಸೇರಿಕೊಂಡವನು. ಜನ ಪ್ರಾರ್ಥನೆ ಮಾಡುವ ಜಾಗದಲ್ಲಿ ಗೈಡು ಕಿರುಚುವ ಹಾಗಿಲ್ಲವಲ್ಲ. ಅದಕ್ಕೇ ಭಾವ ಕಾಲರಿಗೆ ಸಣ್ಣ ಮೈಕು ಸಿಕ್ಕಿಸಿಕೊಂಡು ಮೆಲ್ಲಗೆ ಮಾತಾಡುತ್ತಾರೆ, ಬಂದವರು ಕಿವಿಯಲ್ಲಿ ಇಯರ್‌ಫೋನ್ ಇಟ್ಟುಕೊಂಡು ಕೇಳುತ್ತಾರೆ. ಆ ಇಯರ್‌ಫೋನುಗಳನ್ನು ಬೆಳಗ್ಗೆ ಹಂಚಿ, ಸಂಜೆ ಒರೆಸಿ ಚೀಲಕ್ಕೆ ಹಾಕುವುದು ನನ್ನ ಉದ್ಯೋಗ. ಹನ್ನೊಂದು ವರ್ಷ ಊರವರ ಕಿವಿಗೆ ಭಾವನನ್ನು ತುರುಕಿದ್ದೇನೆ. ನನ್ನ ಕಿವಿಗೆ ಅವರು ತಾವಾಗಿಯೇ ಬಂದು ಕೂತಿದ್ದರು.

ಆ ದಿನದ ವಿಷಯ ಬೇರೆ. ಪ್ರವಾಸೋದ್ಯಮ ಕಚೇರಿಯವರು ಹೊಸ ಯಂತ್ರ ತರಿಸಿದ್ದರು. ಗುಂಡಿ ಒತ್ತಿದರೆ ಅದೇ ಕಥೆ ಹೇಳುತ್ತದೆ, ಊಟಕ್ಕೆ ಏಳುವುದಿಲ್ಲ, ರಜೆ ಕೇಳುವುದಿಲ್ಲ. ಯಾವ ಗೈಡಿನ ಪರವಾನಗಿ ಬಿಲ್ಲೆ ಉಳಿಸಬೇಕು, ಯಾರನ್ನು ಕಳಿಸಿ ಯಂತ್ರ ಇಡಬೇಕು ಎಂದು ತೀರ್ಮಾನಿಸಲು ಕಚೇರಿಯ ಮೇಡಂ ಒಬ್ಬೊಬ್ಬರ ಗುಂಪಿನ ಜೊತೆ ಒಂದೊಂದು ದಿನ ತಿರುಗುತ್ತಿದ್ದರು. ಅವತ್ತು ಭಾವನ ಸರದಿ.

ಹಿಂದಿನ ಸಂಜೆ ಭಾವ ಮನೆಯಲ್ಲಿ ತಾಲೀಮು ನಡೆಸಿದರು. ಅಕ್ಕ ನನ್ನ ಓದುವ ಕನ್ನಡಕ ಹಾಕಿಕೊಂಡು, ಸ್ಟೂಲಿನ ಮೇಲೆ ಕೂತು, ಮೇಡಂ ಆದಳು. ಅಡುಗೆಮನೆ ಹಳೇ ಮಸೀದಿ, ಹಜಾರ ದೊಡ್ಡ ಮಸೀದಿ, ಬಚ್ಚಲಿನ ತೊಟ್ಟಿ ಕೈಕಾಲು ತೊಳೆಯುವ ಕೊಳ. ಎಂಟು ಸಲ ಪೂರ್ತಿ ಭಾಷಣ, ಅದೂ ಮೈಕಿಲ್ಲದೆ, ಪಕ್ಕದ ಮನೆಯವರಿಗೂ ಜ್ಞಾನ ಬರುವಷ್ಟು ಜೋರಾಗಿ. ಬೆಳಗ್ಗೆ ಎದ್ದು ಭಾವ ಬಾಯಿ ತೆರೆದರೆ, ನಲ್ಲಿಯಲ್ಲಿ ನೀರು ನಿಂತ ಮೇಲೆ ಬರುವ ಗಾಳಿಯ ಸದ್ದು.

ಬಿಸಿನೀರು, ಉಪ್ಪು, ಜೇನು ಎಲ್ಲ ಆಯಿತು. ಗಂಟಲು ಕಟ್ಟಿತ್ತು, ಇನ್ನು ಗಂಟುಮೂಟೆ ಕಟ್ಟುವುದೊಂದು ಬಾಕಿ.

ಅಕ್ಕ ನನ್ನ ಕಡೆ ತಿರುಗಿದಳು. "ಲೋ, ನೀನು ಇವರ ಥರ ಮಾತಾಡಿ ನಂಟರನ್ನೆಲ್ಲ ನಗಿಸ್ತೀಯಲ್ಲ, ಇವತ್ತೊಂದು ದಿನ ನಗಿಸದೆ ಮಾತಾಡ್ತೀಯಾ?"

ಭಾವ ಪತ್ರಿಕೆಯ ಅಂಚಿನಲ್ಲಿ ಬರೆದು ತೋರಿಸಿದರು: "ಬೇಡ. ಇವನು ನನ್ನ ಮುಳುಗಿಸ್ತಾನೆ."

"ಮುಳುಗೋವಾಗ ಕೈಗೆ ಸಿಕ್ಕಿದ್ದನ್ನ ಹಿಡ್ಕೋಬೇಕು," ಅಂದಳು ಅಕ್ಕ. "ಅದರ ಗುಣ ಕೇಳ್ತಾ ಕೂರಬಾರದು." ಆಮೇಲೆ ನನ್ನ ಕಿವಿ ಹಿಡಿದಳು. "ತರ್ಲೆ ಮಾಡಿದ್ಯೋ, ಈ ಹೊಸಿಲು ಮರೆತುಬಿಡು."

ಏರ್ಪಾಟು ಸರಳ. ಭಾವನ ಕಾಲರಿನಲ್ಲಿ ಬ್ಯಾಟರಿ ತೆಗೆದ ಮೈಕು. ಜೀವವಿರುವ ಮೈಕು ನನ್ನ ಕರವಸ್ತ್ರದೊಳಗೆ. ಅವರು ಮುಂದೆ ನಿಂತು ಬಾಯಿ ಆಡಿಸಬೇಕು, ನಾನು ಹದಿನೈದು ಹೆಜ್ಜೆ ಹಿಂದೆ ಯಾವುದಾದರೂ ಕಂಬದ ಮರೆಯಲ್ಲಿ ನಿಂತು ಪಿಸುಗುಟ್ಟಬೇಕು. ಭಾವನ ಮಾತು ಕದಿಯುವುದು ಕಷ್ಟವಲ್ಲ. ಪ್ರತಿ ವಾಕ್ಯಕ್ಕೆ ಮೊದಲು "ಗಮನಿಸಿ", ಕೊನೆಗೆ "ಅಲ್ವಾ", ಇಸವಿ ಬರುವ ಮೊದಲು ಒಂದು ಕೆಮ್ಮು, ಇಸವಿ ಮರೆತಿದ್ದರೆ ಎರಡು ಕೆಮ್ಮು. ಏನೂ ಗೊತ್ತಿಲ್ಲದಿದ್ದರೆ, "ಇದನ್ನ ನಾನು ಹೇಳ್ತಿಲ್ಲ, ಕಲ್ಲು ಹೇಳ್ತಿದೆ." ಯಂತ್ರದಲ್ಲಿ ಧ್ವನಿ ಇರಬಹುದು, ಭಾವ ಇರುವುದಿಲ್ಲ ಎಂದು ದಾರಿಯಲ್ಲಿ ಅವರಿಗೆ ಧೈರ್ಯ ಹೇಳಿದೆ. ಅವರು ನಗಲಿಲ್ಲ. ಬಿಲ್ಲೆಯನ್ನು ಅಂಗಿಯ ತುದಿಯಿಂದ ಉಜ್ಜುತ್ತಾ ಕೂತಿದ್ದರು.

ಗುಂಪಿನಲ್ಲಿ ಹದಿನಾಲ್ಕು ಜನ. ಮೇಡಂ ಗಟ್ಟಿ ರಟ್ಟಿನ ಮೇಲೆ ನಮೂನೆ ಸಿಕ್ಕಿಸಿಕೊಂಡು ಮುಂದೆಯೇ ನಿಂತರು. ಅವರ ಪಕ್ಕ ನಿವೃತ್ತ ಲೆಕ್ಕದ ಮೇಷ್ಟ್ರು ಒಬ್ಬರು, ಎಲ್ಲದಕ್ಕೂ ಅಳತೆ ಕೇಳುವ ಜಾತಿ.

ಹಳೇ ಮಸೀದಿಯಲ್ಲಿ ನಾನು ದೇವರಾಣೆಗೂ ಒಳ್ಳೆಯವನಾಗಿದ್ದೆ. ಚಪ್ಪಲಿ ಬಿಟ್ಟು ಒಳಗೆ ಹೋದೆವು. ಭಾವ ಕಮಾನಿಗೆ ಕೈ ತೋರಿಸಿದರು, ನಾನು ಕಮಾನು ಅಂದೆ. ಕೊಳ ತೋರಿಸಿದರು, ನಾನು ಕೊಳ ಅಂದೆ. ಅಷ್ಟರಲ್ಲಿ ಮೇಷ್ಟ್ರು ಮೇಲೆ ನೋಡುತ್ತಾ ಭಾವನನ್ನು ಏನೋ ಕೇಳಿದರು. ಹದಿನೈದು ಹೆಜ್ಜೆ ಹಿಂದಿದ್ದ ನನಗೆ ಅದು ಕೇಳಿಸಲಿಲ್ಲ, ನಾನಿನ್ನೂ ಕೊಳದಲ್ಲೇ ಇದ್ದೆ. "ಗಮನಿಸಿ, ಇದು ಮೊಣಕಾಲಿನ ತನಕ ಬರುತ್ತೆ ಅಷ್ಟೇ. ಬೇಸಿಗೇಲಿ ಇನ್ನೂ ಇಳಿಯುತ್ತೆ, ಅಲ್ವಾ."

ಮೇಷ್ಟ್ರು ಕೇಳಿದ್ದು ಮಿನಾರಿನ ಎತ್ತರ.

ಹದಿನಾಲ್ಕು ತಲೆ ಮಿನಾರನ್ನು ನೋಡಿದವು, ಆಮೇಲೆ ತಮ್ಮ ಮೊಣಕಾಲನ್ನು. ಮೇಡಂ ಏನೋ ಬರೆದುಕೊಂಡರು. ಏನಾಯಿತೆಂದು ಭಾವನಿಗೆ ಗೊತ್ತಾಗಲಿಲ್ಲ, ಯಾಕೆಂದರೆ ಅವರ ಕಿವಿಯಲ್ಲಿ ಇಯರ್‌ಫೋನ್ ಇರಲಿಲ್ಲ. ಗೈಡಿಗೆ ತನ್ನ ಮಾತು ತನಗೇ ಯಾಕೆ ಬೇಕು? ಈ ಒಂದು ಸಂಗತಿ ನನ್ನ ತಲೆಯೊಳಗೆ ಇಳಿದದ್ದು ಆಗಲೇ. ಭಾವ ಏನು ಹೇಳುತ್ತಿದ್ದಾರೆ ಎಂದು ಊರಿಗೆಲ್ಲ ಗೊತ್ತಾಗುತ್ತದೆ, ಭಾವನೊಬ್ಬರನ್ನು ಬಿಟ್ಟು. ಇಂಥ ಅವಕಾಶವನ್ನು ಭಾಮೈದನಾಗಿ ಹುಟ್ಟಿದವನಿಗೆ ತೋರಿಸಿ, ತರ್ಲೆ ಮಾಡಬೇಡ ಅನ್ನುವುದು ಬೆಕ್ಕಿಗೆ ಹಾಲಿನ ಪಾತ್ರೆ ಕಾಯಲು ಹೇಳಿದ ಹಾಗೆ.

ದೊಡ್ಡ ಮಸೀದಿಯಲ್ಲಿ, ಪ್ರಾರ್ಥನೆಯ ದಿಕ್ಕು ತೋರಿಸುವ ಗೂಡಿನ ಪಕ್ಕ, ನೀಲಿ ಹೂವಿನ ಹೆಂಚುಗಳ ಗೋಡೆ ಇದೆ. ನೂರಾರು ಹೂವು ಮೇಲೆ ನೋಡುತ್ತಿದ್ದರೆ ಒಂದೇ ಒಂದು ತಲೆಕೆಳಗು. ಭಾವನ ಇಡೀ ದಿನದ ಕಿರೀಟ ಆ ಹೆಂಚು. "ದೇವರೊಬ್ಬನೇ ಪರಿಪೂರ್ಣ, ಮನುಷ್ಯನ ಕೆಲಸದಲ್ಲಿ ಒಂದು ತಪ್ಪಿರಲಿ ಅಂತ ಆ ಕುಶಲಕರ್ಮಿ ಬೇಕಂತಲೇ ಉಲ್ಟಾ ಕೂರಿಸಿದ," ಎಂದು ಹೇಳಿ, ತಲೆ ಬಾಗಿಸಿ, ಒಂದು ನಿಮಿಷ ಮೌನ. ಅಲ್ಲಿ ಕಣ್ಣೀರು ಹಾಕಿದವರಿದ್ದಾರೆ.

ನನಗೆ ಮಾತ್ರ ನಿಜ ಗೊತ್ತಿತ್ತು. ಆ ಮಸೀದಿ ನೋಡಿಕೊಳ್ಳುವ ಅಜ್ಜನೇ ಹೇಳಿದ್ದ.

ಭಾವ ಹೆಂಚಿಗೆ ಕೈ ತೋರಿಸಿ, ಮುಖವನ್ನು ಆಕಾಶಕ್ಕೆತ್ತಿ, ತುಟಿ ಆಡಿಸತೊಡಗಿದರು. ಎಲ್ಲರ ಕಿವಿಯಲ್ಲಿ ಅವರದೇ ಧ್ವನಿ ಬಂತು: "ಗಮನಿಸಿ. ಇದರ ಬಗ್ಗೆ ನಾನು ಇಪ್ಪತ್ತೆರಡು ವರ್ಷದಿಂದ ಸುಳ್ಳು ಹೇಳ್ಕೊಂಡು ಬಂದಿದ್ದೀನಿ. ಯಾರೋ ಒಬ್ರು ಇದು ಯಾಕೆ ಉಲ್ಟಾ ಅಂತ ಕೇಳಿದ್ರು, ನನಗೆ ಗೊತ್ತಿರಲಿಲ್ಲ, ಬಾಯಿಗೆ ಬಂದಿದ್ದು ಹೇಳ್ದೆ, ಅಲ್ವಾ. ಇಪ್ಪತ್ತೈದು ವರ್ಷದ ಹಿಂದೆ ರಿಪೇರಿ ಆದಾಗ ಅಲ್ಲಿ ಕೂತಿದ್ದಾರಲ್ಲ, ಆ ಅಜ್ಜ, ಅವರೇ ಕೂರಿಸಿದ್ದು. ಅವತ್ತು ಕನ್ನಡಕ ಮನೇಲಿ ಬಿಟ್ಟು ಬಂದಿದ್ರು. ಇದನ್ನ ಕಲ್ಲು ಹೇಳ್ತಿಲ್ಲ, ನಾನೇ ಹೇಳ್ತಿದ್ದೀನಿ."

ಭಾವ ಎಂದಿನಂತೆ ತಲೆ ಬಾಗಿಸಿ ಮೌನವಾದರು. ಗುಂಪು ಬಾಯಿಗೆ ಕೈ ಅಡ್ಡ ಇಟ್ಟುಕೊಂಡಿತು, ಭುಜಗಳು ಕುಣಿದವು. ಅಳುತ್ತಿದ್ದಾರೆ ಎಂದುಕೊಂಡ ಭಾವ ತಾವೂ ಕಣ್ಣೊರೆಸಿಕೊಂಡರು. ಅಜ್ಜ ಮೂಲೆಯಿಂದ ಎದ್ದು ಬಂದು, "ಇವತ್ತು ಜನ ತುಂಬಾ ಖುಷಿಯಾಗಿದ್ದಾರಲ್ಲಪ್ಪ," ಎಂದು ಭಾವನ ಬೆನ್ನು ತಟ್ಟಿದ. ಮೇಡಂ ಮತ್ತೆ ಬರೆದುಕೊಂಡರು, ಈ ಸಲ ಎರಡು ಸಾಲು.

ಆ ಎರಡು ಸಾಲನ್ನು ಓದಲು ಕಂಬದ ಮರೆಯಿಂದ ಕತ್ತು ಚಾಚಿದೆ, ಕಾಣಲಿಲ್ಲ. ಸುಳ್ಳು ಹೇಳುವ ಗೈಡು ಎಂದು ಬರೆದಿದ್ದರೆ? ಇನ್ನು ಸಾಕು ಎಂದು ತೀರ್ಮಾನ ಮಾಡಿದೆ. ತೀರ್ಮಾನ ಪೇಟೆಯ ಬಾಗಿಲಿನ ತನಕ ಗಟ್ಟಿಯಾಗಿತ್ತು.

ಪೇಟೆಯೆಂದರೆ ಉದ್ದಕ್ಕೂ ಮಾಡು ಹಾಕಿದ ಓಣಿಗಳು. ಬಟ್ಟೆಯವರ ಸಾಲು, ಮಸಾಲೆಯವರ ಸಾಲು, ತಾಮ್ರದ ಪಾತ್ರೆ ಬಡಿಯುವವರ ಸಾಲು. ಮಸಾಲೆಯ ಸಾಲಿನಲ್ಲಿ ಭಾವ ಮೂಟೆಗಳ ಕಡೆ ಕೈ ಚಾಚಿದರೆ, ಧ್ವನಿ ಹೇಳಿತು: "ಗಮನಿಸಿ. ನಿಮ್ಮ ಹಿಂದೆ ಕರವಸ್ತ್ರ ಹಿಡಿದು ನಿಂತಿದ್ದಾನಲ್ಲ, ಅವನು ನನ್ನ ಭಾಮೈದ. ಬಿ.ಎ. ಪಾಸು. ನಾನು ಎಂಟನೇ ಕ್ಲಾಸು. ನನಗೆ ಗೊತ್ತಿರೋದೆಲ್ಲ ಅವನು ಹೇಳಿಕೊಟ್ಟಿದ್ದು. ಒಂದು ನಮಸ್ಕಾರ ಮಾಡಿ, ಅಲ್ವಾ."

ಹದಿನಾಲ್ಕು ಜನ ತಿರುಗಿ ನನಗೆ ಕೈ ಮುಗಿದರು. ಯಾಕೆ ಎಂದು ತಿಳಿಯದ ಭಾವ ಇದೇನೋ ಗೌರವದ ಸಮಾಚಾರ ಎಂದುಕೊಂಡು ತಾವೂ ನನಗೆ ಕೈ ಮುಗಿದರು. ಹದಿನೇಳು ವರ್ಷದ ನಂಟಿನಲ್ಲಿ ಅದೇ ಮೊದಲು.

ಓಣಿಗಳೆಲ್ಲ ಕೂಡುವಲ್ಲಿ, ನಾಲ್ಕು ದಾರಿಯ ನಡುವೆ, ಎತ್ತರದ ಇಟ್ಟಿಗೆ ಗುಮ್ಮಟವಿದೆ. ಕೊನೆಯ ನಿಲುಗಡೆ ಅದು. ನಾನು ತಾಮ್ರದ ಅಂಗಡಿಯೊಂದರ ಹಂಡೆಗಳ ರಾಶಿಯ ಹಿಂದೆ ಕುಕ್ಕರಗಾಲಿನಲ್ಲಿ ಕೂತೆ. ಅಲ್ಲಿಂದ ನನಗೆ ಯಾರೂ ಕಾಣುತ್ತಿರಲಿಲ್ಲ. ಹಾಗೆ ಕೂತದ್ದೇ ಎಡವಟ್ಟಾಯಿತು.

ಗುಮ್ಮಟದ ಬಗ್ಗೆ ನಾಲ್ಕು ಮಾತು ಹೇಳಿದವನು ಯಂತ್ರದ ವಿಷಯಕ್ಕೆ ಹೊರಳಿದೆ. "ಗಮನಿಸಿ. ನನ್ನ ಜಾಗಕ್ಕೆ ಯಂತ್ರ ಬರುತ್ತಂತೆ. ಬರಲಿ. ಯಂತ್ರಕ್ಕೆ ಹೆಂಡತಿ ಇದ್ದಾಳಾ? ನಿನ್ನೆ ನನ್ನ ಹೆಂಡತಿ ಸ್ಟೂಲ್ ಮೇಲೆ ಕೂತು..." ಇಲ್ಲಿ ನಾನು ಅಕ್ಕನ ಧ್ವನಿಗೆ ಏರಿದೆ. "'ರೀ, ಮಿನಾರು ಅನ್ನೋವಾಗ ಹೊಟ್ಟೆ ಒಳಗೆ ಎಳ್ಕೊಳ್ರೀ. ಮೇಡಂ ಮಿನಾರು ನೋಡ್ತಾರೋ ನಿಮ್ಮ ಗುಮ್ಮಟ ನೋಡ್ತಾರೋ?'"

ಮತ್ತೆ ಭಾವ, ಮತ್ತೆ ಅಕ್ಕ, ನಡುವೆ ಎರಡು ಕೆಮ್ಮು. ರಂಗೇರಿತ್ತು. ಆಗ ಅಂಗಡಿಯವನು ನನ್ನ ಭುಜ ತಟ್ಟಿದ. "ಅಣ್ಣಾ, ಹಂಡೆ ಜೊತೆ ಯಾಕೆ ಮಾತಾಡ್ತಿದ್ದೀರಿ? ಹುಷಾರಾಗಿದ್ದೀರಾ?"

ಅದೂ ಎಲ್ಲರ ಕಿವಿಗೆ ಹೋಯಿತು.

ನಾನು ಹಂಡೆಗಳ ಮೇಲಿನಿಂದ ಇಣುಕಿದೆ. ಗುಮ್ಮಟದ ಕೆಳಗೆ ಭಾವ ಬಾಯಿ ಮುಚ್ಚಿಕೊಂಡು ನಿಂತಿದ್ದರು. ಅವರ ಕಿವಿಯಲ್ಲಿ ಮೇಡಂ ಅವರ ಇಯರ್‌ಫೋನು. ಆಮೇಲೆ ತಿಳಿಯಿತು, "ನಿಮ್ಮ ಧ್ವನಿ ಎಷ್ಟು ಚೆನ್ನಾಗಿ ಕೇಳುತ್ತೆ, ನೀವೂ ಒಂದ್ಸಲ ಕೇಳಿ" ಎಂದು ಮೇಡಂ ತಾವೇ ಕೊಟ್ಟಿದ್ದರಂತೆ. ಭಾವ ಯಂತ್ರದ ಮಾತಿನಿಂದ ಹೊಟ್ಟೆಯ ಮಾತಿನ ತನಕ ಎಲ್ಲವನ್ನೂ ಕೇಳಿದ್ದರು.

ಅವರು ನನ್ನನ್ನು ನೋಡಲಿಲ್ಲ. ಎದೆಯ ಮೇಲಿನ ಬಿಲ್ಲೆಯ ಪಿನ್ನು ಬಿಚ್ಚಿ, ಅಂಗೈಯಲ್ಲಿಟ್ಟು, ಮೇಡಂ ಮುಂದೆ ಚಾಚಿದರು. ಗಂಟಲನ್ನು ಮುಟ್ಟಿಕೊಂಡು, ಇಲ್ಲ ಎಂದು ಕೈಯಾಡಿಸಿದರು. ಅಕ್ಕನ ಹೊಸಿಲು, ಅನ್ನ, ಅದೆಲ್ಲ ಇರಲಿ. ಇಪ್ಪತ್ತೆರಡು ವರ್ಷ ಉಜ್ಜಿ ಉಜ್ಜಿ ಅಕ್ಷರ ಮಾಸಿದ ಆ ಬಿಲ್ಲೆ ಅಷ್ಟು ಚಿಕ್ಕದೆಂದು ನಾನು ಅಂದುಕೊಂಡೇ ಇರಲಿಲ್ಲ.

"ಮೇಡಂ, ತಪ್ಪು ನಂದು," ಎಂದು ಓಡಿ ಹೋದೆ. ಗಾಬರಿಯಲ್ಲಿ ಅದನ್ನೂ ಭಾವನ ಧ್ವನಿಯಲ್ಲೇ ಹೇಳಿಬಿಟ್ಟಿದ್ದೆ.

"ನೀವು ಸುಮ್ಮನಿರಿ. ಬೆಳಗ್ಗೆಯಿಂದ ಸಾಕಷ್ಟು ಮಾತಾಡಿದ್ದೀರಿ," ಅಂದರು ಮೇಡಂ. ಬಿಲ್ಲೆ ತೆಗೆದುಕೊಳ್ಳಲಿಲ್ಲ. "ಮೊದಲನೇ ಮಸೀದಿಲೇ ಗೊತ್ತಾಯ್ತು. ಇವರು ಬಾಟಲಿ ಬಾಯಿಗಿಟ್ಟು ನೀರು ಕುಡೀತಿದ್ರು, ಇಸವಿ ಬರ್ತಾನೇ ಇತ್ತು." ಆಮೇಲೆ ಭಾವನಿಗೆ ಹೇಳಿದರು: "ನೋಡಿ, ಧ್ವನಿ ಕೊಡೋಕೆ ನಮ್ಮ ಯಂತ್ರ ಇದೆ. ನಿಮ್ಮ ಭಾಮೈದನೂ ಇದ್ದಾನೆ. ನನಗೆ ಬೇಕಿರೋದು ನೀವು ಯಾಕೆ ಬೇಕು ಅನ್ನೋದು. ಈ ಗುಮ್ಮಟದ ಕಥೆ ಮಾತಿಲ್ಲದೆ ಹೇಳಿ. ಇಯರ್‌ಫೋನ್ ಎಲ್ಲರೂ ತೆಗೀರಿ. ಜನ ನಿಂತು ನೋಡಿದ್ರೆ ಬಿಲ್ಲೆ ನಿಮ್ಮದು. ಸರಿದುಹೋದ್ರೆ ನನ್ನದು."

ಭಾವ ಬಿಲ್ಲೆಯನ್ನು ಜೇಬಿಗೆ ಹಾಕಿಕೊಂಡರು. ಆಮೇಲೆ ಬಾಗಿ, ಇಲ್ಲದ ಒಂದು ಇಟ್ಟಿಗೆ ಎತ್ತಿಕೊಂಡರು. ಅದರ ಭಾರ ಅವರ ಮೊಣಕೈಯಲ್ಲಿ ಕಂಡಿತು. ಗಾರೆ ಬಳಿದರು, ಇಟ್ಟರು, ಒಂದು ಕಣ್ಣು ಮುಚ್ಚಿ ಸಾಲು ನೋಡಿದರು. ಏಣಿ ಹತ್ತಿದರು, ಅರ್ಧದಲ್ಲಿ ಬೆವರೊರೆಸಿಕೊಂಡರು. ಇಟ್ಟಿಗೆಗಳು ಒಂದರ ಮೇಲೊಂದು ಒಳಕ್ಕೆ ವಾಲುತ್ತಾ ವಾಲುತ್ತಾ ಮೇಲೇರಿದವು. ಕೊನೆಯ ಇಟ್ಟಿಗೆ ಕೂರಿಸಿ, ಕೆಳಗಿನ ಮರದ ಆಸರೆ ಒಂದೊಂದಾಗಿ ಎಳೆದು ತೆಗೆಯುವಾಗ, ಮೇಷ್ಟ್ರು ಎರಡು ಹೆಜ್ಜೆ ಹಿಂದೆ ಸರಿದರು. ಗುಮ್ಮಟ ತಲೆಯ ಮೇಲೆ ಬಿದ್ದೀತೆಂದು. ಅದು ಎಷ್ಟೋ ನೂರು ವರ್ಷದಿಂದ ನಿಂತಿತ್ತು.

ತಾಮ್ರ ಬಡಿಯುವವರ ಸುತ್ತಿಗೆಗಳು ನಿಂತಿದ್ದವು. ಕೊಳ್ಳಲು ಬಂದವರು ನಿಂತಿದ್ದರು. ಯಾರೂ ಸರಿಯಲಿಲ್ಲ.

ಅಲ್ಲಿಗೆ ಮುಗಿಸಬಹುದಿತ್ತು. ಭಾವ ಮುಗಿಸಲಿಲ್ಲ. ನನ್ನನ್ನು ಒಮ್ಮೆ ವಾರೆಗಣ್ಣಿನಲ್ಲಿ ನೋಡಿ, ಕುಕ್ಕರಗಾಲಿನಲ್ಲಿ ಕೂತರು. ಕರವಸ್ತ್ರ ಬಾಯಿಗೆ. ಕತ್ತು ಆಮೆಯ ಹಾಗೆ ಹೊರಗೆ, ಮತ್ತೆ ಒಳಗೆ. ತನ್ನ ಜೋಕಿಗೆ ತಾನೇ ಕಿಸಿಯುವುದು, ಹೊಟ್ಟೆ ಕೆರೆದುಕೊಳ್ಳುವುದು, ಯಾರೂ ನೋಡುತ್ತಿಲ್ಲವೆಂದು ಮಸಾಲೆ ಅಂಗಡಿಯ ಮೂಟೆಯಿಂದ ಒಂದು ಗೋಡಂಬಿ ಎತ್ತಿ ಬಾಯಿಗೆ ಹಾಕಿಕೊಳ್ಳುವುದು. ಅದು ಅವರಿಗೆ ಹೇಗೆ ಗೊತ್ತಾಯಿತೋ. ಕೊನೆಗೆ ಬೆನ್ನ ಹಿಂದಿನಿಂದ ಯಾರೋ ಭುಜ ತಟ್ಟಿದಂತೆ ಬೆಚ್ಚಿಬಿದ್ದು, ಕಣ್ಣು ಅಗಲಿಸಿ, ಹಂಡೆಗೆ ಕೈ ಮುಗಿದರು.

ಇಪ್ಪತ್ತು ವರ್ಷದಿಂದ ಊರಿನವರನ್ನೆಲ್ಲ ಅಣಕಿಸಿದವನು ನಾನು. ನನ್ನನ್ನು ಯಾರೂ ಹೀಗೆ ಬಿಚ್ಚಿಟ್ಟಿರಲಿಲ್ಲ.

ಮೊದಲು ಹಂಡೆ ಅಂಗಡಿಯವನು ನಕ್ಕ. ಆಮೇಲೆ ಮೇಷ್ಟ್ರು, ಮೇಡಂ, ಇಡೀ ಓಣಿ. ಭಾವ ಎದ್ದು ನಿಂತು ನನ್ನ ಮುಖ ನೋಡಿದರು. ಅದರಲ್ಲಿ ಏನು ಕಂಡರೋ, ಬೆಳಗ್ಗೆಯಿಂದ ಮುಷ್ಕರ ಹೂಡಿದ್ದ ಅವರ ಗಂಟಲು ಕಟಕಟ ಅಂದಿತು, ತುಕ್ಕು ಹಿಡಿದ ಗೇಟಿನ ಹಾಗೆ ಕಿರ್ರೆಂದಿತು, ಆಮೇಲೆ ಒಮ್ಮೆಲೇ ತೆರೆದುಕೊಂಡಿತು. ಅವರು ಹೊಟ್ಟೆ ಹಿಡಿದು, ನನ್ನ ಹೆಗಲಿಗೆ ಜೋತುಬಿದ್ದು, ಗುಮ್ಮಟ ಮೇಲಿನಿಂದ ಮರುದನಿ ಕೊಡುವಷ್ಟು, ಅಲ್ಲಿದ್ದ ಅಷ್ಟೂ ಜನರಿಗಿಂತ ಜೋರಾಗಿ ನಕ್ಕರು.